ಮುಖ ಕಾಯುವ ಇಬ್ರಾಹಿಂಸಾಬರು

ಬೆಳಗಿನ ನಮಾಜಿನ ಕರೆ ಮುಗಿದಿದೆ, ಮಠದ ಗಂಟೆ ಇನ್ನೂ ಆಗಿಲ್ಲ. ಇಳಕಲ್ಲಿನಿಂದ ಹುನಗುಂದದ ಕಡೆಗೆ ಹೋಗುವ ದಾರಿಯಿಂದ ತುಸು ಒಳಗೆ, ಕೆಂಪು ಕಲ್ಲು ತೆಗೆದು ಬಿಟ್ಟುಹೋದ ಒಂದು ಹಳೆಯ ಕ್ವಾರಿ. ತಳದಲ್ಲಿ ನಿಂತ ನೀರಿನ ಮೇಲೆ ಆಕಾಶದ ಬೂದಿ ಬಣ್ಣ ಬಿದ್ದಿದೆ. ಅಂಚಿನಲ್ಲಿ ಆಗಲೇ ಜನ ನೆರೆದಿದ್ದಾರೆ. ಕೈಗಳು ಮೇಲೆದ್ದಿವೆ, ಕೈಕೈಯಲ್ಲೂ ಮೊಬೈಲು.

ಹಳೆಯ ಮೊಪೆಡ್ಡೊಂದು ಬಂದು ನಿಲ್ಲುತ್ತದೆ. ಬಿಳಿ ಗಡ್ಡದ, ಸಣಕಲು ಮೈಯ ಮನುಷ್ಯ ಇಳಿದು ಹೆಗಲ ಚೀಲ ಬಿಚ್ಚುತ್ತಾರೆ. ಠಾಣೆಯವರು ಅವರನ್ನು ಕರೆಸಿದ್ದು ಫೋಟೋ ತೆಗೆಯಲಿಕ್ಕೆ. ಆದರೆ ಚೀಲದಿಂದ ಮೊದಲು ಹೊರಬರುವುದು ಕ್ಯಾಮೆರಾ ಅಲ್ಲ, ಮಡಿಸಿಟ್ಟ ಒಂದು ಇಳಕಲ್ ಸೀರೆ. ನೇರಳೆ ಮೈ, ಕೆಂಪು ಅಂಚು, ಅಲ್ಲಲ್ಲಿ ಜೀರ್ಣವಾಗಿದೆ. ಜನರ ನಡುವೆ ನಿಂತ ಇಬ್ಬರು ಕೂಲಿ ಹೆಂಗಸರನ್ನು ಕರೆದು ಅದರ ಎರಡು ತುದಿ ಕೊಡುತ್ತಾರೆ.

“ಹಿಡೀರಿ ಯವ್ವಾ, ತಲಿ ಮಟ ಎತ್ತಿ ಹಿಡೀರಿ. ನೀವು ಈ ಕಡೆ ಮಾರಿ ಮಾಡ್ರಿ. ಆ ಕಡೆ ನೋಡಬ್ಯಾಡ್ರಿ, ರಾತ್ರಿ ನಿದ್ದಿ ಬರಂಗಿಲ್ಲ.”

ಜನಕ್ಕೂ ನೀರಿಗೂ ನಡುವೆ ಒಂದು ಸೀರೆಯ ಗೋಡೆ ಏಳುತ್ತದೆ. ಹಿಂದಿನಿಂದ ಒಬ್ಬ ಯುವಕ ಗೊಣಗುತ್ತಾನೆ.

“ಸಾಬ್ರ, ಅಡ್ಡ ಬಂದೀರಿ. ಸರೀರಿ ಸ್ವಲ್ಪ.”

“ಅಡ್ಡ ಬರಾಕನ ಬಂದೇನೋ ತಮ್ಮಾ.”

“ನೀವೂ ಫೋಟೋ ತೆಗ್ಯಾವರ, ನಾವೂ ತೆಗ್ಯಾವರ. ಏನ ಫರಕ ಐತ್ರಿ ಅದರಾಗ?”

ಇಬ್ರಾಹಿಂಸಾಬರು ತಿರುಗಿ ನೋಡುತ್ತಾರೆ. ದನಿ ಏರುವುದಿಲ್ಲ. “ನಾ ತೆಗದದ್ದು ಕೋರ್ಟಿನ್ಯಾಗ ಸಾಹೇಬ್ರು ನೋಡ್ತಾರ. ನೀ ತೆಗದದ್ದು ಸತ್ತವರ ಅವ್ವ ನೋಡ್ತಾಳ.”

ಯುವಕನ ಕೈ ಇಳಿಯುತ್ತದೆ. ಎಲ್ಲರ ಕೈ ಇಳಿಯುವುದಿಲ್ಲ. ಇಬ್ರಾಹಿಂಸಾಬರು ಸೀರೆಯಾಚೆ ಹೋಗಿ ನಿಂತು, ಕಣ್ಣು ಮುಚ್ಚಿ ತುಟಿಯಲ್ಲೇ ಏನೋ ಹೇಳಿಕೊಂಡು, ಆಮೇಲೆ ಕ್ಯಾಮೆರಾ ಎತ್ತುತ್ತಾರೆ. ಕೆಲಸ ಮುಗಿದ ಮೇಲೆ ಅದರೊಳಗಿನ ಕಾರ್ಡನ್ನು ಅಲ್ಲೇ ತೆಗೆದು ಪೊಲೀಸರ ಕೈಗೆ ಕೊಡುತ್ತಾರೆ. ಒಂದು ಪ್ರತಿಯನ್ನೂ ತಮ್ಮಲ್ಲಿ ಇಟ್ಟುಕೊಳ್ಳುವುದಿಲ್ಲ.

ಆ ನೀರಿನಿಂದ ಎತ್ತಿದ್ದು ಯಾರನ್ನು, ಗಂಡಸೋ ಹೆಂಗಸೋ, ಯಾವ ಊರು ಎಂಬುದನ್ನು ಇಲ್ಲಿ ಬರೆಯುತ್ತಿಲ್ಲ. ಇಬ್ರಾಹಿಂಸಾಬರು ಈ ಲೇಖನಕ್ಕೆ ಒಪ್ಪಿದ್ದೇ ಆ ಶರತ್ತಿನ ಮೇಲೆ.

ಇಳಕಲ್ಲಿನ ಹಳೆಯ ಓಣಿಯೊಂದರಲ್ಲಿ ಅವರ ಸ್ಟುಡಿಯೋ ಇದೆ. ಒಳಗೆ ಕೊಳ, ಹಂಸ, ಮೆಟ್ಟಿಲು ಬರೆದ ಪರದೆ ಇನ್ನೂ ತೂಗುತ್ತಿದೆ. ಅದರ ಮುಂದೆ ನಿಂತು ಫೋಟೋ ತೆಗೆಸಿಕೊಂಡ ಮದುಮಕ್ಕಳು ಈಗ ಅಜ್ಜ ಅಜ್ಜಿಯರಾಗಿದ್ದಾರೆ, ಅವರ ಮೊಮ್ಮಕ್ಕಳು ಕೈಯಲ್ಲೇ ಸ್ಟುಡಿಯೋ ಹಿಡಿದು ತಿರುಗುತ್ತಾರೆ. ಪಾಸ್‌ಪೋರ್ಟ್ ಅಳತೆಯ ಫೋಟೋ, ಹಳೆಯ ಪಟಗಳಿಗೆ ಹೊಸ ಕಟ್ಟು, ಸತ್ತವರ ಚಿಕ್ಕ ಫೋಟೋವನ್ನು ದೊಡ್ಡದು ಮಾಡಿಕೊಡುವುದು, ಇಷ್ಟರಲ್ಲಿ ಅಂಗಡಿ ನಡೆಯುತ್ತದೆ. ಪೊಲೀಸರ ಫೋಟೋ ಕೆಲಸ ಅವರಿಗೆ ತಂದೆಯಿಂದ ಬಂದದ್ದು. ಈಗ ಪೊಲೀಸರ ಹತ್ತಿರವೂ ಒಳ್ಳೆಯ ಮೊಬೈಲುಗಳಿವೆ, ಕರೆ ಬರುವುದು ಅಪರೂಪ. “ಸಾಬ್ರು ಬಂದ್ರ ಗದ್ದಲ ಕಡಿಮಿ ಆಕ್ಕೈತಿ” ಎಂದು ಒಬ್ಬ ಹಿರಿಯ ಪೇದೆ ಹೇಳುತ್ತಾರೆ.

“ನಮ್ಮಪ್ಪ ಒಂದ ಮಾತ ಹೇಳಿದ್ದ ನೋಡ್ರಿ,” ಎನ್ನುತ್ತಾರೆ ಇಬ್ರಾಹಿಂಸಾಬರು. “ರೀಲ್ ತೊಳದು ಫೋಟೋ ಒಣಗಾಕ ಹಾಕತಿದ್ವೆಲ್ಲ, ಆಗ ಮದವಿ ಫೋಟೋ ಒಣಗೋ ದಾರದ ಮ್ಯಾಲ ಇವನ್ನ ಹಾಕಬಾರದು. ಇವಕ್ಕ ಬ್ಯಾರೆ ದಾರ, ಬ್ಯಾರೆ ಖೋಲಿ, ಖೋಲಿಗೆ ಕೀಲಿ. ಒಣಗಿದ ಕೂಡಲೇ ನೆಗೆಟಿವ್ ಸುದ್ದಾ ಠಾಣೇಕ ಕೊಟ್ಟ ಬರಬೇಕು. ಮನಿಗೆ ಬಂದು ಕೈ ಕಾಲ ತೊಳಕೊಂಡ, ಕಂಡದ್ದನ್ನ ಬಾಯಿಂದ ತಗೀಬಾರದು. ಅಷ್ಟ ನಮ್ಮ ಇಲ್ಮು, ನಮ್ಮ ವಿದ್ಯಾ.”

ಸತ್ತವರ ಮುಖ ನೋಡಲು ಸಿಕ್ಕ ಬಸ್ಸು ಹಿಡಿದು ಓಡಿ ಬರುವ ಜನ ನಾವು. ಮುಖ ನೋಡಿದೆವೋ ಇಲ್ಲವೋ ಎಂಬುದು ನಮಗೆ ದೊಡ್ಡ ಮಾತು. ಹಣೆಗೆ ವಿಭೂತಿ ಹಚ್ಚಿ, ಹೂವೇರಿಸಿ, ಕೊನೆಯದಾಗಿ ಒಮ್ಮೆ ನೋಡಿ ಕೈಮುಗಿಯುತ್ತೇವೆ. ಹಾಗೆ ನೋಡುವುದು ಭಕ್ತಿಯೇ. ಆ ಭಕ್ತಿ ಮೊಬೈಲಿನೊಳಗೆ ಹೊಕ್ಕು ಎಂದು ಚಟವಾಯಿತೋ ಯಾರಿಗೂ ಗೊತ್ತಾಗಲಿಲ್ಲ. ಇಬ್ರಾಹಿಂಸಾಬರಿಗೆ ಅದು ಗೊತ್ತಾದದ್ದು ಒಬ್ಬ ತಾಯಿಯಿಂದ.

ಆ ತಾಯಿಯ ಹೆಸರು, ಮಗಳ ಹೆಸರು, ಊರು ಇಲ್ಲಿ ಬರುವುದಿಲ್ಲ. ಕಾನೂನು ಅದನ್ನು ಬೇಡವೆನ್ನುತ್ತದೆ, ಕಾನೂನಿಗಿಂತ ಮೊದಲು ಆಕೆಯೇ ಬೇಡವೆಂದಿದ್ದಾಳೆ. ಮಗ್ಗದ ಮನೆ ಅವರದು. ಮಗಳು ಕಾಲೇಜು ಸೇರಿದ್ದಳು. ಒಂದು ದಿನ ಕಾಲೇಜಿನಿಂದ ಮನೆಗೆ ಬರಲಿಲ್ಲ. ಮರುದಿನ ಸಿಕ್ಕಳು, ಸಿಗಬಾರದ ರೀತಿಯಲ್ಲಿ. ತಾಯಿ ಆ ಜಾಗ ಮುಟ್ಟುವುದಕ್ಕೆ ಮೊದಲೇ, ಇಬ್ರಾಹಿಂಸಾಬರ ಮೊಪೆಡ್ಡು ಮುಟ್ಟುವುದಕ್ಕೂ ಮೊದಲೇ, ಆ ಹೊಲದ ಬದುವಿನಿಂದ ಫೋಟೋಗಳು ಹೊರಟುಹೋಗಿದ್ದವು. ಬಸ್ಸಿನಲ್ಲಿ ಬರುತ್ತಿದ್ದ ತಾಯಿ ಪಕ್ಕದ ಸೀಟಿನವನ ಮೊಬೈಲಿನಲ್ಲಿ ಮಗಳನ್ನು ಕಂಡಳು. ಅವನಿಗೆ ಪಾಪ ಈಕೆ ಯಾರೆಂದು ಗೊತ್ತಿರಲಿಲ್ಲ. “ನೋಡಬೇ, ಎಂಥಾ ಕಾಲ ಬಂತು” ಎಂದು ಅವನೇ ತೋರಿಸಿದ್ದ.

ಮಣ್ಣು ಮುಗಿದು ದಿನಗಳಾದ ಮೇಲೆ ಆಕೆ ಸ್ಟುಡಿಯೋ ಮೆಟ್ಟಿಲ ಮೇಲೆ ಬಂದು ಕೂತಳು. ಇಬ್ರಾಹಿಂಸಾಬರು ಆ ಮಾತುಗಳನ್ನು ಇಂದಿಗೂ ಹಾಗೆಯೇ ಹೇಳುತ್ತಾರೆ, ಆಕೆಯದೇ ದನಿಯಲ್ಲಿ.

“ಸಾಬ್ರ, ಕಣ್ಣ ಮುಚ್ಚಿದ್ರ ಅದ ಬರತೈತ್ರಿ. ಕಣ್ಣ ತೆಗದ್ರೂ ಅದ ಬರತೈತಿ. ನಾ ಹಡದದ್ದು, ಎಣ್ಣಿ ಹಚ್ಚಿ ಎರದದ್ದು, ಆ ಮಾರಿ ಬರವಲ್ದು. ನನ್ನ ಮಗಳ ಮಾರಿ ನನಗ ಹೊಳ್ಳಿ ಕೊಡ್ರಿ.”

ಮನೆಯಲ್ಲಿ ಮಗಳ ಒಂದೂ ಫೋಟೋ ಇರಲಿಲ್ಲ. ಇದ್ದವೆಲ್ಲ ಆ ಹುಡುಗಿಯದೇ ಮೊಬೈಲಿನಲ್ಲಿದ್ದವು. ಅದು ಪುರಾವೆಯಾಗಿ ಕೋರ್ಟಿನ ಕಪಾಟು ಸೇರಿತ್ತು. ಇಬ್ರಾಹಿಂಸಾಬರು ತಾವು ತೆಗೆದ ಮದುವೆಗಳ ಫೋಟೋಗಳನ್ನು ಕೂತು ಜಾಲಾಡಿದರು. ಒಂದು ಮದುವೆಯಲ್ಲಿ, ಆರತಿ ತಟ್ಟೆ ಹಿಡಿದ ಹೆಂಗಸರ ಸಾಲಿನ ಕೊನೆಯಲ್ಲಿ ಆ ಹುಡುಗಿ ಸಿಕ್ಕಳು. ಹಣೆಯ ಮೇಲೆ ಕೂದಲು ಇಳಿದಿದೆ, ದೀಪದ ಬೆಳಕು ಗಲ್ಲಕ್ಕೆ ಬಡಿದಿದೆ. ಸುತ್ತಲಿನವರನ್ನು ತೆಗೆದು, ಆ ಮುಖ ಒಂದನ್ನೇ ದೊಡ್ಡದು ಮಾಡಿ ಕಟ್ಟು ಹಾಕಿಸಿ ಕೊಟ್ಟರು. ತಾಯಿ ಅದನ್ನು ದೇವರ ಜಗುಲಿಯ ಪಕ್ಕ ತೂಗುಹಾಕಿ, ವಿಭೂತಿ ಇಟ್ಟು, ಎದುರಿಗೆ ಕೂಡುತ್ತಿದ್ದಳು.

ವರ್ಷ ತುಂಬುತ್ತ ಬಂತು. ಓಣಿಯ ಹುಡುಗರಿಗೆ ಮನಸ್ಸು ಕರಗಿತು. ಅವರ ಮುಂದಾಳನ್ನು ರಾಜೇಶ ಎಂದು ಕರೆಯೋಣ. ನಮ್ಮ ಕಡೆ ಯಾರು ಸತ್ತರೂ ವರ್ಷದ ದಿನ ಸರ್ಕಲ್ಲಿನಲ್ಲಿ ಒಂದು ಫ್ಲೆಕ್ಸ್ ಏಳಬೇಕು. ಏಳದಿದ್ದರೆ ಸತ್ತವರನ್ನು ಊರು ಮರೆತಂತೆ. ನೆನೆಯುವುದೆಂದರೆ ಅದೇ ಎಂದು ನಾವೆಲ್ಲ ಒಪ್ಪಿಕೊಂಡಿದ್ದೇವೆ. ತಾಯಿಗೆ ಗೊತ್ತಾಗದಂತೆ, ಆಕೆಯನ್ನು ಸಂತೋಷಪಡಿಸಬೇಕೆಂದೇ, ರಾಜೇಶ ಜಗುಲಿಯ ಪಕ್ಕದ ಪಟವನ್ನು ಮೊಬೈಲಿನಲ್ಲಿ ತೆಗೆದುಕೊಂಡ. ಬೆಳಗಾಗುವಷ್ಟರಲ್ಲಿ ಸರ್ಕಲ್ಲಿನಲ್ಲಿ ಆಳೆತ್ತರದ ಫ್ಲೆಕ್ಸ್ ನಿಂತಿತ್ತು. ನಡುವೆ ಆ ಮುಖ, ಮೇಲೆ ‘ಮತ್ತೆ ಹುಟ್ಟಿ ಬಾ ತಂಗಿ’ ಎಂಬ ಅಕ್ಷರ, ಕೆಳಗೆ ಚಿಕ್ಕ ಚಿಕ್ಕ ವೃತ್ತಗಳಲ್ಲಿ ಕೈಮುಗಿದು ನಿಂತ ಹುಡುಗರೆಲ್ಲರ ಫೋಟೋ. ಒಬ್ಬ ಕಪ್ಪು ಕನ್ನಡಕವನ್ನೂ ತೆಗೆದಿರಲಿಲ್ಲ.

ಅದರ ಫೋಟೋ ತೆಗೆದು ಯಾರೋ ಹಾಕಿದರು. ಸಂಜೆಯ ಹೊತ್ತಿಗೆ ಇನ್ನಾರೋ ಆ ಆರತಿಯ ಮುಖವನ್ನೂ ಹೊಲದ ಬದುವಿನ ಫೋಟೋವನ್ನೂ ಅಕ್ಕಪಕ್ಕ ಅಂಟಿಸಿ, ಕೆಳಗೆ ಅಳುವ ಗೊಂಬೆ ಇಟ್ಟು ಊರೂರಿಗೆ ಹರಿಬಿಟ್ಟರು. ಅಲ್ಲಿಯವರೆಗೆ ಎರಡೂ ಮುಖ ಬೇರೆ ಬೇರೆ ಇದ್ದವು. ಅಂದಿನಿಂದ ಒಂದನ್ನು ನೋಡಿದರೆ ಇನ್ನೊಂದು ತಾನಾಗಿ ಬರುವಂತಾಯಿತು. ತಾಯಿ ಜಗುಲಿಯ ಪಕ್ಕದ ಪಟವನ್ನು ಗೋಡೆಗೆ ಮುಖ ಮಾಡಿ ತಿರುಗಿಸಿಬಿಟ್ಟಳು.

ರಾಜೇಶ ಬಂದು ಹೊಸ್ತಿಲಲ್ಲಿ ನಿಂತು ಅತ್ತ. “ಯವ್ವಾ, ನಾ ಒಳ್ಳೇದಾಗ್ಲಿ ಅಂತ ಮಾಡೇನಿ.” ತಾಯಿ ಬೈಯಲಿಲ್ಲ. “ಗೊತ್ತೈತೋ ಯಪ್ಪಾ. ಒಳ್ಳೇದಕ್ಕ ಮಾಡೀದಿ. ಇದ್ದ ಒಂದ ಮಾರೀನೂ ಹೋತು” ಎಂದಳಂತೆ.

ಇಬ್ರಾಹಿಂಸಾಬರು ಜೋಳಿಗೆ ಹಿಡಿದದ್ದು ಆ ವಾರ.

ಇಳಕಲ್ಲಿನವರಿಗೆ ಜೋಳಿಗೆ ಅಂದರೆ ಏನೆಂದು ಹೇಳಿಕೊಡಬೇಕಿಲ್ಲ. ಬೇರೆ ಕಡೆಯವರಿಗಾಗಿ ಒಂದು ಮಾತು. ಇಲ್ಲಿಯ ಮಠದ ಅಜ್ಜಾವರು, ಎಂದರೆ ಸ್ವಾಮಿಗಳು, ಓಣಿ ಓಣಿ ತಿರುಗಿ ಜೋಳಿಗೆ ಒಡ್ಡುತ್ತಿದ್ದುದು ಕಾಳಿಗಲ್ಲ, ಕಾಸಿಗಲ್ಲ. ನಿಮ್ಮ ಕುಡಿತ, ನಿಮ್ಮ ಬೀಡಿ, ನಿಮ್ಮ ಗುಟ್ಕಾ ಇದರೊಳಗೆ ಹಾಕಿರಿ ಎಂದು ಚಟವನ್ನೇ ಭಿಕ್ಷೆ ಬೇಡುತ್ತಿದ್ದರು. ಆ ಜೋಳಿಗೆ ಮನೆಯ ಮುಂದೆ ಬಂದದ್ದನ್ನು ಇಬ್ರಾಹಿಂಸಾಬರು ಕಂಡಿದ್ದರು. ಅವರ ಓಣಿಯ ಸಾಬರೂ ಬೀಡಿ ಕಟ್ಟು ಹಾಕಿದ್ದರು. ಈಗ ಇಬ್ರಾಹಿಂಸಾಬರು ತಮ್ಮ ಶಲ್ಯವನ್ನು ಕೊರಳಿಗೆ ಗಂಟುಹಾಕಿ ಜೋಳಿಗೆ ಮಾಡಿಕೊಂಡು ಹೊರಟರು. ಮೊದಲು ಆ ತಾಯಿಯ ಊರಿನ ಓಣಿಗಳು. ಆಮೇಲೆ ಹುನಗುಂದದ ಬಸ್‌ಸ್ಟ್ಯಾಂಡು, ಐಹೊಳೆ, ಪಟ್ಟದಕಲ್ಲಿನ ಚಹಾದಂಗಡಿಗಳು, ಕೆರೂರಿನ ಸಂತೆ.

“ಆ ಹುಡಿಗಿ ಫೋಟೋ ನಿಮ್ಮ ಮೊಬೈಲಿನ್ಯಾಗ ಇದ್ರ ನನ್ನ ಮುಂದ ಅಳಸ್ರಿ. ಅಳಿಸಿ ಮೊಬೈಲ್ ಒಂದ ಸಲ ಈ ಜೋಳಿಗ್ಯಾಗ ಇಟ್ಟು ಹೊಳ್ಳಿ ತಗೋರಿ” ಎನ್ನುವುದು ಅವರ ಬೇಡಿಕೆ. ಅಳಿಸಿದ್ದೂ ಮೊಬೈಲಿನ ಕಸದ ಬುಟ್ಟಿಯಲ್ಲಿ ಉಳಿದಿರುತ್ತದೆ, ಅದನ್ನೂ ಖಾಲಿ ಮಾಡಿಸಬೇಕು ಎಂದು ಅವರ ಮಗಳು ಮುಬಶೀರಾ ಹೇಳಿಕೊಟ್ಟಿದ್ದಳು.

ಕೆರೂರಿನ ಸಂತೆಯಲ್ಲಿ ಜನ ನಕ್ಕರು. ಒಬ್ಬ ಕೂಗಿಯೇ ಕೇಳಿದ. “ಏನ ಸಾಬ್ರ, ಜೋಳಿಗಿ ಹಾಕೀರಿ! ಮಠಾ ಯಾವಾಗ ಕಟ್ಟಿದ್ರಿ?”

“ಮಠಾ ನಿಮ್ಮದ ಐತೆಲ್ಲಪಾ. ನಾ ಬರೇ ಜೋಳಿಗಿ ಕಡಾ ತಂದೇನಿ.”

ಉಳ್ಳಾಗಡ್ಡಿ ಮಾರುವವನೊಬ್ಬ ತನ್ನ ಮೊಬೈಲಿನಲ್ಲಿ ಅಂಥದ್ದೇನೂ ಇಲ್ಲ ಎಂದು ತಲೆಯಾಡಿಸಿದ. ತಕ್ಕಡಿಯ ಹಿಂದೆ ಕೂತಿದ್ದ ಅವನ ಹೆಂಡತಿ ಶಾರವ್ವ ಎದ್ದೇ ನಿಂತಳು.

“ಸುಳ್ಳ ಹೇಳತಾನ್ರಿ ಸಾಬ್ರ! ಮೊನ್ನೆ ಉಣ್ಣಾಕ ಕುಂತಾಗ ನನಗ ತೋರಸಾಕ ಬಂದಿದ್ದ. ಕೈಯಾಗಿನ ರೊಟ್ಟಿ ಬಿಟ್ಟ ಎದ್ದೇನಿ ನಾ.” ಗಂಡನ ಕಡೆ ತಿರುಗಿದಳು. “ನಮ್ಮ ಮನ್ಯಾಗೂ ಹೆಣ್ಣ ಕೂಸ ಐತಿ. ಹಾಕ ಜೋಳಿಗ್ಯಾಗ. ಹಾಕ ಅಂದ್ನಿ!”

ಅವನು ತಲೆ ತಗ್ಗಿಸಿ ಅಳಿಸಿದ. ಪಕ್ಕದ ಮೆಣಸಿನಕಾಯಿಯವನೂ ಅಳಿಸಿದ. ಕೆಲವರು ಅಳಿಸಿ ಕಣ್ಣಿಗೆ ಕೈ ಒತ್ತಿಕೊಂಡರು, ಕೆಲವರು ಹೆದರಿ ಅಳಿಸಿದರು. “ನಿನಗೇನ ಸಂಬಂಧ, ನಿಮ್ಮ ಮಂದೀನಾ ಆಕಿ?” ಎಂದು ಕೇಳಿದವರೂ ಇದ್ದರು. ಅಂಥವರ ಬಗ್ಗೆ ಕೇಳಿದರೆ ಇಬ್ರಾಹಿಂಸಾಬರು, “ಜೋಳಿಗಿ ಮುಚಿಗೊಂಡ ಮುಂದ ಹೋಗೂದು. ಭಿಕ್ಷಾ ಬೇಡಾವರು ಜಗಳಾ ಮಾಡಬಾರದು” ಎನ್ನುತ್ತಾರೆ.

ಪೊಲೀಸರಿಗೆ ದೂರು ಕೊಟ್ಟಿದ್ದರಿಂದ ಕೆಲವು ಕಡೆ ಆ ಫೋಟೋ ತೆಗೆಸಿದ್ದೂ ಆಯಿತು. ತಿಂಗಳು ಕಳೆಯುವುದರೊಳಗೆ ಬೇರೆ ಹೆಸರಿನಲ್ಲಿ, ಬೇರೆ ಊರಿನ ಕಥೆಯಾಗಿ ಅದೇ ಫೋಟೋ ಮತ್ತೆ ಬಂತು. ಹಾಕಿದವರು ಯಾರೋ, ಎಲ್ಲಿಯವರೋ. ಅದನ್ನು ಹೇಳುವಾಗ ಇಬ್ರಾಹಿಂಸಾಬರು ತಮ್ಮ ಅಂಗೈ ನೋಡಿಕೊಳ್ಳುತ್ತಾರೆ.

“ಬಾಂವಿ ಆಗಿದ್ರ ಸೇದಿ ಸ್ವಚ್ಛ ಮಾಡಬಹುದಿತ್ರಿ. ಇದು ಹೊಳಿ. ನಾ ಒಂದ ದಂಡೀಗೆ ಕುಂತ ಮೊಗಿತೇನಿ, ಮ್ಯಾಲಿಂದ ಹರಕೋಂತ ಬರಾಕತ್ತೈತಿ. ನಮ್ಮ ಮಂದಿ ಕೈಯಾಗಿಂದರ ಹೋಗ್ಲಿ ಅಂತ ತಿರಗಿದೆ. ಬಸ್ಸಿನ್ಯಾಗ ಮತ್ತೊಬ್ಬ ಆಕಿಗೇ ತೋರಸಬಾರದಲ್ರಿ?”

ಆದರೆ ತಾಯಿ ಕೇಳಿದ್ದು ಅದನ್ನಲ್ಲ. ಆಕೆ ಕೇಳಿದ್ದು ಮುಖವನ್ನು. ಜೋಳಿಗೆ ಎಷ್ಟು ತುಂಬಿದರೂ ಆ ಪಟ ಗೋಡೆಗೆ ಮುಖ ಮಾಡಿಯೇ ಇತ್ತು. ಇನ್ನೊಂದು ಒಳ್ಳೆಯ ಮುಖ ಹುಡುಕಿಕೊಟ್ಟರೆ ಅದಕ್ಕೂ ನಾಳೆ ಅದೇ ಗತಿ. ಈ ಮಾತನ್ನು ಅವರು ಮನೆಯಲ್ಲಿ ಉಣ್ಣುವಾಗ ಆಡಿದರು. ಹೆಂಡತಿ ಕಾಸಿಂಬಿ ರೊಟ್ಟಿ ಬಡಿಯುತ್ತಿದ್ದವರು ಕೈ ನಿಲ್ಲಿಸಲಿಲ್ಲ.

“ಅಷ್ಟ ವರ್ಷ ಫೋಟೋ ತೆಗದ್ರಿ, ಮಾರಿ ಒಂದ ಮನಶ್ಯಾ ಅಂತ ತಿಳದೀರಿ. ನಮ್ಮವ್ವ ಸತ್ತ ಎಷ್ಟ ದಿನ ಆತು? ಸಂತ್ಯಾಗ ಒಬ್ಬಾಕಿ ನಮ್ಮವ್ವನಂಗ ಸೆರಗ ಸಿಗಿಸ್ಕೊಂಡ ಹೊಂಟಿದ್ಲು. ಬರೇ ಬೆನ್ನ ನೋಡಿ ನಾ ಅತ್ತೇನಿ.”

ಮರುದಿನ ಇಬ್ರಾಹಿಂಸಾಬರು ಬೇಡವೆಂದು ಬದಿಗಿಟ್ಟ ಫೋಟೋಗಳನ್ನು ತೆಗೆದರು. ಹಿಂದೊಮ್ಮೆ ನೇಕಾರರ ಸಂಘದವರು ಪ್ರದರ್ಶನಕ್ಕೆಂದು ಮಗ್ಗದ ಮನೆಗಳ ಫೋಟೋ ತೆಗೆಸಿದ್ದರು. ಅವುಗಳಲ್ಲಿ ಒಂದನ್ನು ಸಂಘದವರು ತಿರುಗಿ ಕೊಟ್ಟಿದ್ದರು, ಕೂತವರ ಮುಖವೇ ಬಂದಿಲ್ಲ ಎಂದು. ಆ ಮನೆ ಇದೇ ತಾಯಿಯದು.

ಇಳಕಲ್ ಸೀರೆಯ ಮೈಯ ಎಳೆಗೂ ಸೆರಗಿನ ಎಳೆಗೂ ಮಗ್ಗದ ಮೇಲೆಯೇ ಒಂದೊಂದಾಗಿ ಕೊಂಡಿ ಹಾಕಿ ಜೋಡಿಸಬೇಕು. ಅದಕ್ಕೆ ಎದುರುಬದುರು ಇಬ್ಬರು ಕೂಡುತ್ತಾರೆ. ಫೋಟೋದಲ್ಲಿ ಒಬ್ಬಳ ಬೆನ್ನು ಕಾಣುತ್ತದೆ. ಉದ್ದ ಜಡೆ, ಎತ್ತಿದ ಎಡಗೈ, ಆ ಕೈಯಲ್ಲಿ ಬನಶಂಕರಿಗೆ ಹೋದಾಗ ಇಡಿಸಿಕೊಂಡ ಹಸಿರು ಬಳೆ, ಬೆರಳ ತುದಿಯಲ್ಲಿ ಕೆಂಪು ರೇಷ್ಮೆಯ ಎಳೆ. ಎದುರಿಗೆ ಕೂತವರು ಮಗ್ಗದ ಮರದ ಮರೆಯಲ್ಲಿ ಪೂರಾ ಮುಚ್ಚಿಹೋಗಿದ್ದಾರೆ.

ಅದಕ್ಕೆ ಕಟ್ಟು ಹಾಕಿಸಿ, ಹೆದರಿಕೊಂಡೇ ಒಯ್ದು ಕೊಟ್ಟರು. ತಾಯಿ ಬಹಳ ಹೊತ್ತು ನೋಡಿದಳು. ನೋಡುತ್ತ ನೋಡುತ್ತ ಆಕೆಯ ತುಟಿ ಅಲುಗಿತು.

ಅಂದು ಆ ಪಟದಲ್ಲಿ ತನಗೆ ಏನು ಕಂಡಿತೆಂದು ಆಕೆ ಈಗ ಮಗ್ಗದ ಮುಂದೆ ಕೂತೇ ಹೇಳುತ್ತಾಳೆ. ಆ ಪಟ ಮಗ್ಗದ ಮೇಲಿನ ಗೋಡೆಯಲ್ಲಿದೆ.

“ಎದರಿಗೆ ಕುಂತಾಕಿ ನಾನ ಅಲ್ರಿ? ಮರದ ಹಿಂದ. ಆಗ ಆಕಿ ಮಾರಿ ನನ್ನ ಕಡೇನ ಇತ್ತು. ‘ಯವ್ವಾ, ನಿನ್ನ ಕಣ್ಣ ಹ್ವಾದ್ವು, ಎಳಿ ತಪ್ಪಿ ಕೊಂಡಿ ಹಾಕಾಕತ್ತಿ, ಚಸ್ಮಾ ತಗೋ ಅಂದ್ರ ಮುದಕ್ಯಾಗಿ ಕಾಣ್ತೇನಿ ಅಂತೀ’ ಅಂತ ನಗಾಕತ್ತಿದ್ಲು. ಸಾಬ್ರು ಫೋಟೋ ಹೊಡದ್ದು ಆವಾಗ. ಇದರಾಗ ಆಕಿ ಮಾರಿ ಯಾರಿಗೂ ಕಾಣಂಗಿಲ್ಲ. ನನಗ ಕಾಣತೈತಿ.”

ತುಂಡಾದ ಒಂದು ಎಳೆಗೆ ಗಂಟುಹಾಕಿ ಮತ್ತೆ ಹೇಳುತ್ತಾಳೆ. “ಆ ಇನ್ನೊಂದು ಬರೂದು ನಿಂತಿಲ್ರಿ. ಸುಳ್ಳ ಯಾಕ ಹೇಳ್ಲಿ? ಈಗ್ಲೂ ಬರತೈತಿ. ಆದ್ರ ಅದರ ಹಿಂದಿಂದ ಇದೂ ಬರತೈತಿ, ನಕ್ಕೋಂತ.”

ಕೇಸು ಇನ್ನೂ ಬಾಗಲಕೋಟೆಯ ಕೋರ್ಟಿನಲ್ಲಿದೆ. ತಾರೀಖು ಬಂದಾಗ ತಾಯಿ ಹೋಗಿ ಹೊರಗಿನ ಬೆಂಚಿನ ಮೇಲೆ ಕೂತು ಬರುತ್ತಾಳೆ. ನೆಟ್ಟಿನಲ್ಲಿ ಆ ಫೋಟೋ ಇನ್ನೂ ಇದೆ. ಮನೆಗೆ ಬಂದ ಸೀರೆ ವ್ಯಾಪಾರಿಗಳು ಗೋಡೆಯ ಪಟ ನೋಡಿ, ಮಗ್ಗದ ಫೋಟೋ ಚಂದ ಬಂದಿದೆ ಎನ್ನುತ್ತಾರೆ. ಒಬ್ಬಿಬ್ಬರು ಅದರ ಫೋಟೋ ತೆಗೆದುಕೊಂಡೂ ಹೋಗಿದ್ದಾರೆ. ತಾಯಿ ಬೇಡ ಅನ್ನುವುದಿಲ್ಲ. ಅದರಿಂದ ಯಾರೂ ಏನನ್ನೂ ಒಯ್ಯಲಾರರೆಂದು ಆಕೆಗೆ ಗೊತ್ತು.

ಈಗ ವರ್ಷದ ದಿನ ಸರ್ಕಲ್ಲಿನಲ್ಲಿ ಫ್ಲೆಕ್ಸ್ ಏಳುವುದಿಲ್ಲ. ಮಗ್ಗದ ಮುಂದೆ ಒಂದು ದೀಪ ಹಚ್ಚುತ್ತಾರೆ. ಓಣಿಯವರು ಬಂದು ನೆಲದ ಮೇಲೆ ಕೂತು, ಆ ಹುಡುಗಿ ಮಾಡುತ್ತಿದ್ದ ಚೇಷ್ಟೆ, ಆಡುತ್ತಿದ್ದ ಮಾತು ನೆನೆದು ಎದ್ದು ಹೋಗುತ್ತಾರೆ. ಆಕೆಯ ಹೆಸರು ಬಾಯಿಂದ ಬಾಯಿಗೆ ಹೋಗುತ್ತದೆ, ಮನೆಯ ಹೊಸ್ತಿಲು ದಾಟುವುದಿಲ್ಲ. ಬಾಗಿಲ ಹೊರಗೆ ಶಲ್ಯ ಹಾಸಿಕೊಂಡು ಇಬ್ರಾಹಿಂಸಾಬರು ಕೂತಿರುತ್ತಾರೆ. ಒಳಗೆ ಹೋಗುವವರು ಮೊಬೈಲನ್ನು ಅದರ ಮೇಲಿಟ್ಟು ಹೋಗಬೇಕು. ಮೊದಲು ಇಡುವವನು ರಾಜೇಶ.

ಆ ಕ್ವಾರಿಯ ಬೆಳಗಿಗೆ ಹಿಂತಿರುಗೋಣ. ಪೊಲೀಸ್ ಜೀಪು ಹೋಗಿದೆ. ಬಿಸಿಲು ಏರಿ ಕೆಂಪು ಕಲ್ಲು ಇನ್ನಷ್ಟು ಕೆಂಪಾಗಿದೆ. ಕೂಲಿ ಹೆಂಗಸರಲ್ಲಿ ಒಬ್ಬಳು, ಸಿದ್ದವ್ವ, ಸೀರೆಯನ್ನು ತಾನೇ ಮಡಿಸಿ ತಂದು ಕೊಡುತ್ತಾಳೆ. “ಸಾಬ್ರ, ಇದು ಯಾರ ಸೀರಿರಿ?”

“ನಮ್ಮ ಮನ್ಯಾಕಿದು, ಕಾಸಿಂಬೀದು. ಮದವ್ಯಾಗ ಉಟ್ಟದ್ದು. ಮನಿಗೆ ಹೋದ ಕೂಡಲೇ ಒಗದ ಹಾಕ್ತಾಳ. ಒಗದಾಗೆಲ್ಲಾ ಒಂದ ಮಾತ, ‘ಇದನ್ನ ಮತ್ತ ಚೀಲದಾಗಿಂದ ತೆಗ್ಯೂದು ಬರಬಾರದು’ ಅಂತ. ನಂದೂ ಅದ ದುವಾ. ಇದು ಚೀಲದಾಗ ಕುಂತಲ್ಲೇ ಹರದ ಹೋಗ್ಲಿ.”

ಲೇಖನದ ಜೊತೆ ಒಂದು ಫೋಟೋ ಬೇಕು ಎಂದು ಕೇಳಿದಾಗ ಅವರು ಗಾಬರಿಯಾಗುತ್ತಾರೆ. ಅಷ್ಟು ಜನರ ಫೋಟೋ ತೆಗೆದ ಮನುಷ್ಯ ಗಡ್ಡ ನೀವಿಕೊಳ್ಳುತ್ತ ಅತ್ತಿತ್ತ ನೋಡುತ್ತಾರೆ. ಆಮೇಲೆ ಚೀಲ ಹೆಗಲಿಗೇರಿಸಿ, ಮೊಪೆಡ್ಡಿನ ಕಡೆಗೆ ತಿರುಗಿ ನಿಲ್ಲುತ್ತಾರೆ.

“ಹಿಂಗ ತಗೀರಿ, ಬೆನ್ನ ಕಡಿಂದ. ಕಾಸಿಂಬಿ ಗುರ್ತ ಹಿಡೀತಾಳ.”